ಎದೆ ಝಲ್ಲೆಂದಾಗ ಗುಂಡಿ ಒತ್ತಿ

ತೆರೆ ತಿಳಿಯಾಗಲು ಇನ್ನು ಹತ್ತು ಸೆಕೆಂಡು ಎಂದು, ಅದನ್ನು ಕಟ್ಟಿ ನಡೆಸಲು ಬಂದಿದ್ದ ತೆರೆಯವನು ಕೈ ಎತ್ತಿ ತೋರಿಸಿದ. ನಡುಮನೆಯಲ್ಲಿ ಮಾತು ನಿಂತಿತು. ಗೋಡೆಯಿಂದ ಗೋಡೆಗೆ ಕಟ್ಟಿದ ಹಾಲುಬಣ್ಣದ ಪರದೆಯ ಈಚೆ ಇಳಾ ನಿಂತಿದ್ದಳು. ಆಚೆ, ಹೆಣ್ಣು ನೋಡಲು ಬಂದಿದ್ದ, ಅವಳು ಈವರೆಗೆ ಕಾಣದ ಹುಡುಗ, ವಿಭಾಸ. ಒಬ್ಬರ ಪಟವನ್ನೊಬ್ಬರು ನೋಡಿರಲಿಲ್ಲ, ದನಿಯನ್ನೂ ಕೇಳಿರಲಿಲ್ಲ. ತೆರೆಯ ನಿಯಮವೇ ಅದು. ಮೊದಲ ನೋಟ ನಿಜಕ್ಕೂ ಮೊದಲನೆಯದಾಗಿರಬೇಕು.

ಪರದೆ ಒಮ್ಮೆಗೇ ಗಾಜಿನಂತೆ ತಿಳಿಯಾಯಿತು. ಅದರ ನೂಲುಗಳ ನಡುವೆ ಕೂದಲಿಗಿಂತ ಸಣ್ಣ ಸಂವೇದಕಗಳು, ಅಂದರೆ ಬೆಳಕು ಶಾಖ ಕಂಪನಗಳನ್ನು ಗ್ರಹಿಸುವ ಎಳೆಗಳು, ಸಾವಿರಗಟ್ಟಲೆ ಹೆಣೆದುಕೊಂಡಿದ್ದವು. ಅರೆ ಸೆಕೆಂಡೂ ಆಗುವ ಮೊದಲೇ ಅವು ತಮ್ಮ ಕೆಲಸ ಮುಗಿಸುತ್ತಿದ್ದವು. ಕಣ್ಣಿನ ಪಾಪೆ ಎಷ್ಟು ಹಿಗ್ಗಿತು, ಕೆನ್ನೆಯ ತೊಗಲಿನಡಿ ರಕ್ತ ಎತ್ತ ಹರಿಯಿತು, ಉಸಿರು ಎಲ್ಲಿ ತಡೆಯಿತು, ಎದೆಯ ಯಾವ ಬಡಿತ ತಾಳ ತಪ್ಪಿತು. ಇಬ್ಬರಲ್ಲೂ ಈ ನಾಲ್ಕು ಗುರುತು ಕೂಡಿಬಂದರೆ ಪರದೆಯ ಅಂಚು ಕುಂಕುಮದ ಬಣ್ಣಕ್ಕೆ ತಿರುಗುತ್ತಿತ್ತು, ಸಂಬಂಧ ಗಟ್ಟಿಯಾಗುತ್ತಿತ್ತು. ಇಲ್ಲದಿದ್ದರೆ ಬಿಳಿಯಾಗಿಯೇ ಉಳಿಯುತ್ತಿತ್ತು, ಬಂದವರು ಉಪ್ಪಿಟ್ಟು ತಿಂದು ಎದ್ದುಹೋಗುತ್ತಿದ್ದರು.

ಇಳಾಳ ತೆರೆ ಕೆಂಪಾಯಿತು. ಇಷ್ಟು ದಟ್ಟ ಕೆಂಪು ತಾನು ನೋಡಿಯೇ ಇಲ್ಲ ಎಂದು ತೆರೆಯವನು ಬೆರಗಾದ. ಅದೇ ಹೊತ್ತಿಗೆ ಚರ್ರೆಂದು ಬಟ್ಟೆ ಹರಿದ ಸದ್ದು ಕೇಳಿಸಿತು. ಇಳಾಳ ಸೀರೆಯ ಹಿಂದಿನ ಅಂಚು ಅವಳದೇ ಕಾಲಡಿ ಸಿಕ್ಕಿ ಗೇಣುದ್ದ ಹರಿದಿತ್ತು.

"ನೋಡ್ರೇ, ಹುಡುಗಿಗೆ ಮೈಮೇಲೆ ಜ್ಞಾನವೇ ಇಲ್ಲ" ಎಂದಳು ಇಳಾಳ ಸೋದರತ್ತೆ ಅನುಪಮಾ. "ಈಗಲೇ ಸೀರೆ ಹರ್ಕೊಂಡ್ಲು, ಇನ್ನು ಧಾರೆ ಹೊತ್ತಿಗೆ ಏನುಡಿಸೋಣ?"

ಮನೆ ತುಂಬ ನಗು. ಇಳಾಳ ತಾಯಿ ಡಾಕ್ಟರ್ ಸಿಂಚನಾ ಎಲ್ಲರಿಗಿಂತ ಹೆಚ್ಚು ನಕ್ಕಳು. ಆ ತೆರೆಯನ್ನು ಕಂಡುಹಿಡಿದ ಐವರಲ್ಲಿ ಅವಳೂ ಒಬ್ಬಳು. ತನ್ನ ಕೈಯ ಕೆಲಸ ತನ್ನ ಮಗಳಿಗೇ ಒದಗಿಬಂದ ಹೆಮ್ಮೆ ಅವಳ ಕಣ್ಣಲ್ಲಿತ್ತು. ಸೋಫಾದ ತುದಿಯಲ್ಲಿ ಕುಳಿತಿದ್ದ ಗಂಡ ಸುಹಾಸ ಅವಳತ್ತ ಒಮ್ಮೆ ನೋಡಿದ. ಕಾಫಿ ಇನ್ನೂ ಬಂದಿಲ್ಲ ಎಂಬುದು ಅವಳಿಗೆ ಆ ನೋಟದಲ್ಲೇ ತಿಳಿಯಿತು. ನಗುವನ್ನು ಅರ್ಧಕ್ಕೇ ಬಿಟ್ಟು ಒಳಗೆ ಹೋದಳು.

*

ಇಪ್ಪತ್ತೇಳು ವರ್ಷದ ಹಿಂದೆ, ಮೈಸೂರಿನ ಒಂದು ಪುಟ್ಟ ಪ್ರಯೋಗಾಲಯದಲ್ಲಿ ತೆರೆ ಹುಟ್ಟಿತ್ತು. ಮುಖ್ಯಸ್ಥರಾಗಿದ್ದ ನಾಗಭೂಷಣರ ಪ್ರಶ್ನೆ ಸರಳವಾಗಿತ್ತು. ನೋಡಿದೊಡನೆ ಪ್ರೀತಿ ಹುಟ್ಟುತ್ತದೆ ಎನ್ನುತ್ತಾರಲ್ಲ, ಅದು ನಿಜವಾದರೆ ದೇಹದಲ್ಲಿ ಅದರ ಗುರುತು ಇರಲೇಬೇಕು. ಆ ಗುರುತು ಯಾವುದೆಂದು ಯಂತ್ರಕ್ಕೆ ಮೊದಲೇ ಹೇಳಿಕೊಡಲು ಯಾರಿಗೂ ಗೊತ್ತಿರಲಿಲ್ಲ. ಆದ್ದರಿಂದ ಯಂತ್ರವೇ ಕಲಿಯಬೇಕಿತ್ತು. ನಾಲ್ಕು ಸಾವಿರ ಜನ ಮೈಗೆ ಸಂವೇದಕ ಅಂಟಿಸಿಕೊಂಡು, ಕೈಯಲ್ಲೊಂದು ಗುಂಡಿ ಹಿಡಿದು, ತಿಂಗಳ ಕಾಲ ಊರು ತಿರುಗಿದರು. ಯಾರನ್ನಾದರೂ ಕಂಡಾಗ ಆ ಭಾವ ಬಂದರೆ ಗುಂಡಿ ಒತ್ತಬೇಕು. ಗುಂಡಿ ಒತ್ತಿದ ಗಳಿಗೆಯಲ್ಲಿ ದೇಹ ಹೇಗಿತ್ತು ಎಂಬುದನ್ನು ಸಾವಿರ ಸಾವಿರ ಸಲ ನೋಡಿ ಯಂತ್ರ ಗುರುತು ಹಿಡಿಯುತ್ತದೆ.

ಅವರ ಕೈಗೆ ಕೊಡುವ ಸೂಚನೆಯ ಹಾಳೆಯಲ್ಲಿ ನಾಗಭೂಷಣರು 'ಪ್ರಥಮ ದರ್ಶನದಲ್ಲಿ ಅನುರಾಗ ಅಂಕುರಿಸಿದಾಗ' ಎಂದು ಬರೆದಿದ್ದರು. ಪ್ರಯೋಗಾಲಯದವರೆಲ್ಲ ಬಿದ್ದುಬಿದ್ದು ನಕ್ಕರು. ಹಾಗೆ ಬರೆದರೆ ಒಬ್ಬರೂ ಗುಂಡಿ ಮುಟ್ಟುವುದಿಲ್ಲ ಎಂದು, ಆಗಿನ್ನೂ ಇಪ್ಪತ್ತನಾಲ್ಕರ ವಿದ್ಯಾರ್ಥಿನಿಯಾಗಿದ್ದ ಸಿಂಚನಾ ಆ ಸಾಲು ಹೊಡೆದುಹಾಕಿ ಬೇರೆ ಬರೆದಳು. 'ಯಾರನ್ನಾದರೂ ಕಂಡು ಎದೆ ಝಲ್ಲೆಂದಾಗ ಗುಂಡಿ ಒತ್ತಿ.' ಎಲ್ಲರಿಗೂ ಹಿಡಿಸಿತು. ತರಕಾರಿ ಮಾರುವವಳಿಗೂ ಅರ್ಥವಾಗುವ ಮಾತು ಎಂದು ನಾಗಭೂಷಣರೇ ಹೊಗಳಿದರು.

ಯಂತ್ರ ಕಲಿಯಿತು. ಹೆಣ್ಣು ನೋಡುವ ಶಾಸ್ತ್ರಕ್ಕೆ ಮೊದಲು ಯಾರು ಅದನ್ನು ಒಯ್ದರೋ ಗೊತ್ತಿಲ್ಲ. ಮದುವೆಯಲ್ಲಿ ಅಂತರಪಟ ಹಿಡಿಯುವುದು ಇದ್ದೇ ಇತ್ತಲ್ಲ, ಅದನ್ನೇ ನಾಲ್ಕು ತಿಂಗಳು ಹಿಂದಕ್ಕೆ ತಂದಂತಾಯಿತು. ಜಾತಕ ಮೂಲೆ ಸೇರಿತು. 'ನಿಮ್ಮದು ಕೆಂಪೋ ಬಿಳಿಯೋ' ಎಂದು ಹೆಂಗಸರು ಪರಸ್ಪರ ಕೇಳತೊಡಗಿದರು. ಮೊದಲ ವರ್ಷ ನೂರರಲ್ಲಿ ಏಳು ತೆರೆ ಕೆಂಪಾದವು. ಹತ್ತು ವರ್ಷಕ್ಕೆ ಮೂವತ್ತು. ಈಗ ಅರವತ್ತೊಂದು. ಪ್ರೀತಿಸುವ ಶಕ್ತಿ ನಮ್ಮ ಜನರಲ್ಲಿ ಬೆಳೆಯುತ್ತಿದೆ ಎಂದು ತೆರೆಯ ಕಂಪನಿ ಪ್ರತಿವರ್ಷ ಪ್ರಕಟಣೆ ಹೊರಡಿಸುತ್ತಿತ್ತು. ಸಲಹೆಗಾರ್ತಿಯಾಗಿ ಅದಕ್ಕೆ ಸಿಂಚನಾಳ ಸಹಿಯೂ ಬೀಳುತ್ತಿತ್ತು. ಆ ಅಂಕಿ ಯಾಕೆ ಏರುತ್ತಿದೆ ಎಂದು ಅವಳು ಒಮ್ಮೆಯೂ ಕೇಳಿಕೊಂಡಿರಲಿಲ್ಲ.

*

ಮಗಳ ಮದುವೆಗೆ ಒಂಬತ್ತು ದಿನ ಇರುವಾಗ ಕಲ್ಲಿಕೋಟೆಯಿಂದ ಒಂದು ಇಮೇಲ್ ಪತ್ರ ಬಂತು. ತೆರೆಯನ್ನು ಕೇರಳಕ್ಕೂ ಒಯ್ಯುವ ಕೆಲಸ ನಡೆದಿತ್ತು. ಹಳೆಯ ಪ್ರಯೋಗವನ್ನು ಅಲ್ಲಿಯ ಜನರ ಮೇಲೆ ಮತ್ತೊಮ್ಮೆ ಮಾಡಲು ಸೂಚನೆಯ ಹಾಳೆಯನ್ನು ಮಲಯಾಳಕ್ಕೆ ತರುತ್ತಿದ್ದ ಶ್ರೀಜ ಎಂಬ ಅನುವಾದಕಿ ಬರೆದಿದ್ದಳು. ಕನ್ನಡವನ್ನು ಕಷ್ಟಪಟ್ಟು ಕಲಿತವಳು. 'ಝಲ್ ಎಂಬ ಪದವನ್ನು ನಿಮ್ಮ ಕತೆಗಳಲ್ಲಿ ಹುಡುಕಿದೆ. ಹಾವು ಕಂಡಾಗಲೂ ಎದೆ ಝಲ್ಲೆನ್ನುತ್ತದೆ, ಹುಡುಗ ಕಂಡಾಗಲೂ ಝಲ್ಲೆನ್ನುತ್ತದೆ. ನಾನು ಇವೆರಡಕ್ಕೆ ಬೇರೆ ಬೇರೆ ಮಾತು ಬಳಸುತ್ತೇನೆ. ಇಲ್ಲಿ ಯಾವುದನ್ನು ಹಾಕಲಿ, ಮೇಡಂ?'

ಸಿಂಚನಾ ಮುಗುಳ್ನಗುತ್ತಲೇ ಉತ್ತರ ಬರೆಯಲು ಕುಳಿತಳು. ಎರಡನೆಯದು ಎಂದು ಬರೆದಳು. ಕಳಿಸಬೇಕಾದ ಬೆರಳು ಮಾತ್ರ ಅಲ್ಲೇ ನಿಂತಿತು. ನಾವು ಎರಡನೆಯದನ್ನೇ ಕೇಳಿದ್ದೆವೇ? ಜನ ಎರಡನೆಯದಕ್ಕೇ ಗುಂಡಿ ಒತ್ತಿದ್ದರೇ?

ಮರುದಿನ ಬೆಳಗ್ಗೆಯೇ ಪ್ರಯೋಗಾಲಯಕ್ಕೆ ಹೋಗಿ ಹಳೆಯ ದತ್ತಾಂಶವನ್ನು ತೆಗೆಸಿದಳು. ಗುಂಡಿ ಒತ್ತಿದ ಹತ್ತೊಂಬತ್ತು ಸಾವಿರ ಗಳಿಗೆಗಳು ಅಲ್ಲಿದ್ದವು. ಪಾಪೆ, ರಕ್ತ, ಉಸಿರು, ಬಡಿತ ಎಲ್ಲದರಲ್ಲೂ ಒಂದೇ. ಹಾಗಿದ್ದದ್ದರಿಂದಲೇ ಯಂತ್ರಕ್ಕೆ ಅದು ಒಂದೇ ಭಾವ ಎನ್ನಿಸಿತ್ತು. ಯಂತ್ರ ನೋಡದೆ ಬಿಟ್ಟದ್ದು ಎರಡು. ಒಂದು, ಜನ ಹಾಕಿಕೊಂಡಿದ್ದ ಚಪ್ಪಲಿಯ ದಾಖಲೆ. ದಿನಕ್ಕೆ ಎಷ್ಟು ಹೆಜ್ಜೆ ನಡೆದರು ಎಂದು ಎಣಿಸಲು ಅದರ ಅಟ್ಟೆಯಲ್ಲಿ ಒತ್ತಡ ಅಳೆಯುವ ಹಾಳೆ ಇಟ್ಟಿದ್ದರು. ಇನ್ನೊಂದು, ಸಂಜೆ ಮನೆಗೆ ಹೋದ ಮೇಲೆ ಪ್ರತಿಯೊಬ್ಬರೂ ಬರೆಯಬೇಕಿದ್ದ ಒಂದು ಸಾಲಿನ ಟಿಪ್ಪಣಿ, ಯಾರನ್ನು ಕಂಡಾಗ ಗುಂಡಿ ಒತ್ತಿದಿರಿ ಎಂದು. ಅದನ್ನು ಯಾರೂ ಓದಿರಲಿಲ್ಲ.

ಮಧ್ಯಾಹ್ನದ ಹೊತ್ತಿಗೆ ಚಪ್ಪಲಿಯ ಲೆಕ್ಕ ಎರಡು ರಾಶಿಯಾಗಿ ಬಿತ್ತು. ಗುಂಡಿ ಒತ್ತುವ ಮುಂಚಿನ ಆ ಅರೆ ಸೆಕೆಂಡಿನಲ್ಲಿ ಕೆಲವರ ಮೈಭಾರ ಕಾಲ್ಬೆರಳಿಗೆ ಸರಿದಿತ್ತು, ನೂಲೆಳೆಯಷ್ಟು ಮುಂದಕ್ಕೆ. ಕೆಲವರದು ಹಿಮ್ಮಡಿಗೆ. ನಡುವೆ ಯಾರೂ ಇರಲಿಲ್ಲ.

ಅವಳು ಟಿಪ್ಪಣಿಗಳನ್ನು ಓದತೊಡಗಿದಳು. ಬೆರಳಿನ ರಾಶಿಯಿಂದ ಒಂದು: 'ಬಸ್ಸಿನಲ್ಲಿ ನೀಲಿ ಅಂಗಿಯವನು. ಕಿಟಕಿ ಬಿಟ್ಟುಕೊಟ್ಟ.' ಇನ್ನೊಂದು: 'ಹೂವಿನ ಅಂಗಡಿಯವಳು. ಹೆಸರು ಗೊತ್ತಿಲ್ಲ.' ಹಿಮ್ಮಡಿಯ ರಾಶಿಯಿಂದ: 'ಹಳೇ ಗಣಿತದ ಮೇಷ್ಟ್ರು ಎದುರಾದರು.' ಅದಕ್ಕೆ ನಗು ಬಂತು. ಮುಂದಿನದು: 'ಮಾರ್ಕೆಟ್ಟಿನ ತಿರುವಿನಿಂದ ಒಬ್ಬ ಹಿಂದೆಯೇ ಬಂದ.' ಅದರ ಕೆಳಗೆ, ಗುಂಡುಗುಂಡು ಅಕ್ಷರದಲ್ಲಿ: 'ಅಪ್ಪನ ಸ್ಕೂಟರು ಕಂಡಹಾಗಾಯಿತು.'

ಅವಳು ಎಣಿಕೆ ಮುಗಿಸಿದಾಗ ಹತ್ತರಲ್ಲಿ ಆರು ಹಿಮ್ಮಡಿಯಿದ್ದವು.

ಏರುತ್ತಿದ್ದ ಅಂಕಿಯ ಗುಟ್ಟೂ ಆಗ ಬಿಚ್ಚಿಕೊಂಡಿತು. ತೆರೆ ಹೊಸದಾಗಿದ್ದಾಗ ಹುಡುಗ ಹುಡುಗಿಯರು ಅದರ ಮುಂದೆ ತಮಾಷೆಯಾಗಿ ನಿಲ್ಲುತ್ತಿದ್ದರು. ಬಿಳಿಯಾದರೆ ಅವಮಾನ ಎಂದಾದ ಮೇಲೆ ಹೆದರುತ್ತ ನಿಂತರು. ಹೆದರಿದಷ್ಟೂ ತೆರೆ ಕೆಂಪಾಯಿತು. ಹೆದರಿದ ಇಬ್ಬರನ್ನು ಹುಡುಕಿ ಜೋಡಿ ಮಾಡುವ ಯಂತ್ರಕ್ಕೆ ಅವಳು ವರ್ಷವರ್ಷವೂ ಸಹಿ ಹಾಕಿದ್ದಳು.

ಪಟ್ಟಿಯ ಏಳನೆಯ ಸಾಲು ಅವಳದೇ. ಯಂತ್ರ ಕೆಲಸ ಮಾಡುತ್ತದೋ ನೋಡಲು, ಸೂಚನೆಯ ಹಾಳೆ ಸಿದ್ಧವಾಗುವ ಮುಂಚೆಯೇ, ಪ್ರಯೋಗಾಲಯದವರೇ ಮೊದಲ ವಾರ ಗುಂಡಿ ಹಿಡಿದು ತಿರುಗಿದ್ದರು. ಟಿಪ್ಪಣಿ ಅವಳಿಗೆ ಓದದೆಯೂ ನೆನಪಿತ್ತು. 'ಗ್ರಂಥಾಲಯದ ಮೆಟ್ಟಿಲು. ಸುಹಾಸ.' ಚಪ್ಪಲಿಯ ಲೆಕ್ಕ ಅದರ ಪಕ್ಕದಲ್ಲೇ ಮುಚ್ಚಿಕೊಂಡಿತ್ತು. ಅದನ್ನು ತೆರೆಯಲು ಬೆರಳು ಚಾಚಿ, ಮತ್ತೆ ಹಿಂದಕ್ಕೆ ತೆಗೆದುಕೊಂಡಳು. ಅವಳಿಗೆ ಇನ್ನೊಂದು ನೆನಪಾಗಿತ್ತು. ಇಳಾಳ ಹರಿದ ಸೀರೆ.

ಮನೆಗೆ ಬಂದವಳೇ ಬೀರು ತೆಗೆದಳು. ಆ ಸೀರೆಗೆ ಅವಳೇ ಹೊಲಿಗೆ ಹಾಕಿಟ್ಟಿದ್ದಳು. ಹರಿದದ್ದು ಹಿಂದಿನ ಅಂಚು. ಮುಂದೆ ಬಾಗಿದವರ ಸೀರೆ ಅಲ್ಲಿ ಹರಿಯುವುದಿಲ್ಲ. ಹಿಮ್ಮಡಿ ಊರಿ ಹಿಂದಕ್ಕೆ ಸರಿದರೆ ಮಾತ್ರ ಹಾಗೆ ಕಾಲಡಿ ಸಿಕ್ಕುತ್ತದೆ. ಎಲ್ಲರೂ ನಕ್ಕಿದ್ದರು. ಅವಳು ಎಲ್ಲರಿಗಿಂತ ಹೆಚ್ಚು ನಕ್ಕಿದ್ದಳು. ಹೊಲಿಗೆಯ ಮೇಲೆ ಬೆರಳಾಡಿಸುತ್ತ ಅವಳು ಅಲ್ಲೇ ನಿಂತಳು.

*

ನಾಗಭೂಷಣರಿಗೆ ಈಗ ಎಂಬತ್ತೊಂದು. ಮರುದಿನ ಸಿಂಚನಾ ಹೋದಾಗ ಜಗಲಿಯ ಬಿಸಿಲಿಗೆ ಕುಳಿತು ನೆನೆಸಿದ ಅವರೆಕಾಳು ಹಿಚುಕುತ್ತಿದ್ದರು. ಅವಳು ಹೇಳಿದ್ದನ್ನೆಲ್ಲ ಕೇಳಿಸಿಕೊಳ್ಳುವವರೆಗೆ ಅವರ ಬೆರಳು ನಿಲ್ಲಲಿಲ್ಲ.

"ನಾನು ಅನುರಾಗ ಅಂತ ಬರೆದಿದ್ದೆ" ಎಂದರು ಕೊನೆಗೆ. "ಎಲ್ಲ ನಕ್ಕಿರಿ."

"ಗೊತ್ತು ಸರ್."

"ತಪ್ಪು ನಿನ್ನೊಬ್ಬಳದೇ ಅಲ್ಲ ಬಿಡು. ಆ ಅರೆ ಸೆಕೆಂಡಿನಲ್ಲಿ ದೇಹ ಏಳುತ್ತೆ, ಅಷ್ಟೇ. ಯಾರೋ ಅಲುಗಿಸಿ ಎಬ್ಬಿಸಿದ ಹಾಗೆ. ಯಾಕೆ ಎದ್ದೆ ಅನ್ನೋದು ಆಮೇಲೆ ತಿಳಿಯೋದು. ನಾವು ಆಮೇಲಿನವರೆಗೂ ಕಾಯಲಿಲ್ಲ."

ತೆರೆಯನ್ನು ಇವತ್ತೇ ನಿಲ್ಲಿಸಬೇಕು, ಕೆಂಪಾದವರಿಗೆಲ್ಲ ತಿಳಿಸಬೇಕು ಎಂದಳು ಸಿಂಚನಾ. ನಾಗಭೂಷಣರು ಬೇಡವೆಂದು ತಲೆಯಾಡಿಸಿದರು. ನಾಲ್ಕು ಲಕ್ಷ ಮನೆಗಳಿವೆ, ಅವರಲ್ಲಿ ಎಷ್ಟೋ ಜನ ಸುಖವಾಗಿದ್ದಾರೆ, ಕೆಂಪಾಗಿತ್ತು ಎಂಬ ನಂಬಿಕೆಯ ಮೇಲೇ ಸಂಸಾರ ಕಟ್ಟಿದ್ದಾರೆ ಎಂದರು. ಹೊಸ ಯಂತ್ರಕ್ಕೆ ಚಪ್ಪಲಿ ಸೇರಿಸೋಣ, ಹಳೆಯದನ್ನು ಕೆದಕುವುದು ಬೇಡ.

"ನೋಡಮ್ಮ, ಅವತ್ತು ನೀವು ಪ್ರೀತಿಸಿದ್ದಲ್ಲ, ಹೆದರಿದ್ದು ಅಂತ ಹೇಳಿಬಿಟ್ಟರೆ ಅವರು ಇವತ್ತು ಒಬ್ಬರ ಪಕ್ಕ ಒಬ್ಬರು ಹೇಗೆ ಮಲಗ್ತಾರೆ?"

"ಹೇಳದಿದ್ರೆ ಮದುವೆಯಾದ ರಾತ್ರಿ ನನ್ನ ಇಳಾ ಹೇಗೆ ಮಲಗ್ತಾಳೆ ಸರ್?"

ಅವರ ಬೆರಳು ಆಗ ನಿಂತಿತು. ಸಿಪ್ಪೆ ಅಂಟಿದ ಕೈಯನ್ನು ಪಂಚೆಗೆ ಒರೆಸಿಕೊಂಡು ಅವಳ ಮುಖವನ್ನೇ ನೋಡಿದರು.

"ಸುಹಾಸನಿಗೆ ಹೇಳಿದೆಯಾ?"

"ಇಲ್ಲ."

"ಯಾಕೆ?"

ಅವಳು ಚೀಲ ಎತ್ತಿಕೊಂಡು ಮೆಟ್ಟಿಲಿಳಿದಳು. ಗೇಟಿನವರೆಗೂ ಅವರ ನೋಟ ಬೆನ್ನಿಗೆ ತಾಗಿಕೊಂಡೇ ಬಂತು.

*

ಇಳಾ ನಗರದ ಈಜುಕೊಳದಲ್ಲಿ ಮಕ್ಕಳಿಗೆ ಈಜು ಕಲಿಸುತ್ತಿದ್ದಳು. ನಾಲ್ಕನೇ ವಯಸ್ಸಿಗೇ ಹೇಳದೆ ಕೇಳದೆ ನೀರಿಗೆ ಹಾರಿದ್ದ ಹುಡುಗಿ. ಈಚೆಗೆ ಮಾತು ಕಡಿಮೆಯಾಗಿತ್ತು. ಮದುವೆ ಹತ್ತಿರವಾದಾಗ ಹುಡುಗಿಯರು ಹಾಗೇ ಎಂದು ಅನುಪಮಾ ಹೇಳಿದ್ದಳು, ಸಿಂಚನಾ ಒಪ್ಪಿದ್ದಳು. ಅವತ್ತು ಸಂಜೆ ನಾಲ್ಕಕ್ಕೆ ಒದ್ದೆ ಕೂದಲಿನಲ್ಲೇ ಬಂದ ಮಗಳನ್ನು ಅವಳು ಅಡುಗೆಮನೆಗೆ ಕರೆದಳು.

"ತೆರೆ ತಿಳಿಯಾದಾಗ ನಿನಗೆ ಏನನ್ನಿಸಿತು?"

"ಇನ್ನೇನು, ಝಲ್ ಅಂತು."

"ಎಂಥ ಝಲ್?"

"ಅದರಲ್ಲಿ ಎಷ್ಟು ಥರ ಇರುತ್ತಮ್ಮ?" ಎಂದು ಇಳಾ ನಕ್ಕಳು. ತಾಯಿ ನಗಲಿಲ್ಲ. ಇಳಾಳ ನಗು ನಿಧಾನಕ್ಕೆ ಇಳಿಯಿತು. ಕೂದಲು ಒರೆಸುತ್ತಿದ್ದ ಟವೆಲನ್ನು ಮಡಿಲಲ್ಲಿ ಮುದುಡಿಕೊಂಡು ಕುಳಿತಳು.

"ಓಡಿಹೋಗಬೇಕು ಅನ್ನಿಸ್ತು" ಎಂದಳು. "ಯಾಕೆ ಅಂತ ಈಗಲೂ ಹೇಳೋಕೆ ಬರಲ್ಲ. ಅವರು ಏನೂ ಮಾಡಿರಲಿಲ್ಲ, ಸುಮ್ಮನೆ ನಿಂತಿದ್ರು. ಅಷ್ಟರಲ್ಲಿ ಕೆಂಪಾಯ್ತು. ನೀನು ಮಾಡಿದ ಯಂತ್ರ. ನನಗಿಂತ ಅದಕ್ಕೇ ಚೆನ್ನಾಗಿ ಗೊತ್ತಿರುತ್ತೆ ಅಂದ್ಕೊಂಡೆ."

ಆಮೇಲೆ ಒಂದೊಂದಾಗಿ ಹೊರಬಂತು. ವಿಭಾಸನಿಗೆ ಮೊದಲು ಎರಡು ತೆರೆ ಬಿಳಿಯಾಗಿದ್ದವು. ಮೂರನೆಯದೂ ಬಿಳಿಯಾದರೆ ಮನೆಯವರಿಗೆ ಹೇಗೆ ಮುಖ ತೋರಿಸುವುದು ಎಂದು ಅವತ್ತು ತನಗೆ ಭಯವಾಗಿತ್ತು ಎಂದು ಅವನೇ ಹೇಳಿದ್ದ. ಸಿಕ್ಕಿದ್ದು ಕೈಜಾರೀತು ಎಂಬ ಆತಂಕ ಅವನಿಗಿನ್ನೂ ಹೋಗಿರಲಿಲ್ಲ. ಎಲ್ಲಿದ್ದೀಯ, ಯಾರ ಜೊತೆ ಇದ್ದೀಯ ಎಂದು ದಿನಕ್ಕೆ ಹತ್ತು ಸಲ ಕೇಳುತ್ತಿದ್ದ. ಈಜುಕೊಳದ ಕೆಲಸ ಬಿಡು ಎಂದಿದ್ದ. ಯಾಕೆ ಎಂದು ಇವಳು ಕೇಳಿದರೆ ಕೋಪವಿಲ್ಲದ, ಏರಿಳಿತವಿಲ್ಲದ ದನಿಯಲ್ಲಿ ಒಂದೇ ಉತ್ತರ: 'ಕೆಂಪಾಯಿತಲ್ಲ, ಇನ್ನೇನು?'

"ನನಗೆ ಹೇಳಬಾರದಿತ್ತಾ, ಇಳಾ?"

"ಏನಂತ ಹೇಳ್ಲಿ? ಪ್ರೀತಿ ಅಂದ್ರೆ ಹೀಗೇ ಇರುತ್ತೆ ಅಂದ್ಕೊಂಡೆ. ನಿನ್ನನ್ನ ನೋಡಿದ್ದೀನಲ್ಲ."

"ನನ್ನನ್ನಾ?"

"ಅಪ್ಪ ಬಂದಾಗ ನೀನೂ ಹಾಗೇ ಆಗ್ತೀಯಲ್ಲಮ್ಮ."

ಒಲೆಯ ಮೇಲಿನ ಹಾಲು ಉಕ್ಕಲು ಬಂದಿತ್ತು. ಸಿಂಚನಾ ಅದನ್ನು ನೋಡುತ್ತ ನಿಂತಿದ್ದಳು, ಇಳಾಳೇ ಎದ್ದು ಒಲೆ ಆರಿಸಿದಳು. ಇಪ್ಪತ್ತಾರು ವರ್ಷದಲ್ಲಿ ಸುಹಾಸ ಒಂದು ಸಲವೂ ಕೈ ಎತ್ತಿದವನಲ್ಲ, ದನಿ ಎತ್ತಿದವನಲ್ಲ. ಅವನು ಸಿಟ್ಟಾದರೆ ಮಾತು ಬಿಡುತ್ತಿದ್ದ, ಮೂರು ದಿನ, ಒಮ್ಮೊಮ್ಮೆ ಮೂರು ವಾರ. ಯಾವುದಕ್ಕೆ ಎಂದು ಅವಳೇ ಊಹಿಸಿ ತಿದ್ದಿಕೊಳ್ಳಬೇಕಿತ್ತು. ಲೋಟ ಇಡುವ ಜಾಗ, ಫೋನಿನಲ್ಲಿ ಮಾತಾಡುವ ಹೊತ್ತು, ನಗುವಿನ ಅಳತೆ, ಎಲ್ಲ ಹಾಗೆ ತಿದ್ದಿಕೊಂಡದ್ದೇ. ಗೇಟಿನ ಚಿಲಕ ಸದ್ದಾದಾಗಲೆಲ್ಲ ಎದೆ ಝಲ್ಲೆನ್ನುತ್ತಿತ್ತು. ಇಷ್ಟು ವರ್ಷವಾದರೂ ನನಗೆ ಇವರನ್ನು ಕಂಡರೆ ಎದೆ ಝಲ್ಲೆನ್ನುತ್ತೆ ಎಂದು ಅವಳು ಗೆಳತಿಯರ ಮುಂದೆ ಹೇಳಿಕೊಂಡಿದ್ದೂ ಇತ್ತು. ಅವರು ಹೊಟ್ಟೆಕಿಚ್ಚುಪಟ್ಟಿದ್ದರು.

ಆ ಸೂಚನೆಯ ಸಾಲು ಬರೆದದ್ದು ಗ್ರಂಥಾಲಯದ ಮೆಟ್ಟಿಲಲ್ಲಿ ಅವನನ್ನು ಕಂಡ ಮೂರನೆಯ ದಿನ. ತನ್ನ ಎದೆಯೊಳಗಿಂದಲೇ ಪದ ಎತ್ತಿಕೊಂಡು ಅವಳು ಹಾಳೆಯ ಮೇಲೆ ಇಟ್ಟಿದ್ದಳು.

ಕೈ ಒರೆಸಿಕೊಂಡು ಅಲ್ಲಿಯೇ, ಅಡುಗೆಮನೆಯ ಕಟ್ಟೆಯ ಮೇಲೆ ಲ್ಯಾಪ್‌ಟಾಪ್ ತೆರೆದು, ಅವಳು ಎರಡು ಪತ್ರ ಬರೆದಳು. ಮೊದಲನೆಯದು ತೆರೆಯ ಕಂಪನಿಗೆ, ಪತ್ರಿಕೆಗಳಿಗೆ, ಆರೋಗ್ಯ ಇಲಾಖೆಗೆ. ಎರಡು ರಾಶಿಯ ಲೆಕ್ಕ, ನಲವತ್ತು ಟಿಪ್ಪಣಿ, ತಪ್ಪಿನ ಮೂಲ, ಬರೆದವಳ ಹೆಸರು. ಕಳಿಸುವ ಮುನ್ನ ಅದನ್ನು, ಕಾಲ್ಬೆರಳು ಹಿಮ್ಮಡಿಗಳ ಲೆಕ್ಕ ಸಮೇತ, ಮಗಳಿಗೆ ಓದಿ ಹೇಳಿ ಅವಳ ಕಡೆ ನೋಡಿದಳು. ಇಳಾ ತಾಯಿಯ ಭುಜಕ್ಕೆ ಗಲ್ಲ ಒತ್ತಿ ನಿಂತಳು. ಪತ್ರ ಹೋಯಿತು. ಮದುವೆಯನ್ನು ನಿಲ್ಲಿಸುವ ಮಾತನ್ನು ವಿಭಾಸನ ಮನೆಗೆ ತಾನೇ ಹೋಗಿ ಹೇಳುತ್ತೇನೆ, ಫೋನಿನಲ್ಲಿ ಹೇಳುವ ಮಾತಲ್ಲ ಅದು, ಆ ಹುಡುಗನೂ ಹೆದರಿದವನೇ ಎಂದಳು ಸಿಂಚನಾ.

ಎರಡನೆಯ ಪತ್ರ ಕಲ್ಲಿಕೋಟೆಗೆ. 'ಪ್ರಿಯ ಶ್ರೀಜ, ಯಾವ ಪದ ಹಾಕಲಿ ಎಂದು ಕೇಳಿದ್ದಿರಿ. ಆ ಸಾಲನ್ನು ಅನುವಾದಿಸಬೇಡಿ. ನಮ್ಮಲ್ಲಿ ಎರಡಕ್ಕೂ ಒಂದೇ ಮಾತಿದೆ. ತೆರೆ ಬರುವ ಮೊದಲೂ ಒಂದೇ ಇತ್ತು, ನಮ್ಮ ಅಮ್ಮಂದಿರ ಕಾಲದಲ್ಲಿ, ಅವರ ಅಮ್ಮಂದಿರ ಕಾಲದಲ್ಲಿ. ಆಗ ಯಂತ್ರ ಇರಲಿಲ್ಲ. ಆದರೂ ಎಷ್ಟು ಜನ ಗುಂಡಿ ಒತ್ತಿರಬಹುದು ಎಂದು...'

ಗೇಟಿನ ಚಿಲಕ ಸದ್ದಾಯಿತು.

ಸಿಂಚನಾಳ ಕೈ ತಾನಾಗಿ ಪತ್ರವನ್ನು ಮುಚ್ಚಿತು, ಸೆರಗು ಸರಿಮಾಡಿತು, ಲೋಟವನ್ನು ಅದರ ಜಾಗಕ್ಕೆ ಸರಿಸಿತು. ಹೊರಗೆ ಚಪ್ಪಲಿ ಬಿಡುವ ಸದ್ದು, ಒಂದು, ಎರಡು.

"ಅಮ್ಮ" ಎಂದಳು ಇಳಾ, ಕೇಳಿಸಿಯೂ ಕೇಳಿಸದಷ್ಟು ಮೆಲ್ಲಗೆ. "ನಿನ್ನ ಕಾಲು ನೋಡ್ಕೋ."

ಸಿಂಚನಾ ತಲೆ ತಗ್ಗಿಸಿದಳು. ಹಿಮ್ಮಡಿಗಳು ಹಿಂದಿನ ಗೋಡೆಗೆ ಒತ್ತಿಕೊಂಡಿದ್ದವು. ಕಾಲ್ಬೆರಳು ಹತ್ತೂ ನೆಲ ಬಿಟ್ಟು ಮೇಲೆದ್ದಿದ್ದವು. ಪ್ರಯೋಗಾಲಯದಲ್ಲಿ ತೆರೆಯದೆ ಬಿಟ್ಟುಬಂದ ಏಳನೆಯ ಸಾಲನ್ನು ಇನ್ನು ತೆರೆದು ನೋಡುವ ಅಗತ್ಯ ಇರಲಿಲ್ಲ.

ಅವಳು ಮುಚ್ಚಿದ್ದ ಪತ್ರವನ್ನು ಮತ್ತೆ ತೆರೆದಳು. ಅರ್ಧಕ್ಕೆ ನಿಂತ ಸಾಲನ್ನು ಹಾಗೇ ಬಿಟ್ಟು ಕಳಿಸಿದಳು. ಆಮೇಲೆ ಒಂದೊಂದೇ ಬೆರಳನ್ನು ನೆಲಕ್ಕೆ ಊರಿದಳು. ಎದೆ ಝಲ್ಲೆನ್ನುತ್ತಲೇ ಇತ್ತು. ಅದು ಏನೆಂದು ಈಗ ಅವಳಿಗೆ ಗೊತ್ತಿತ್ತು. ಭಾರವನ್ನು ಮುಂದಕ್ಕೆ ಹಾಕಿ, ಕಾಫಿಗೆ ನೀರಿಡದೆ, ಬಾಗಿಲ ಕಡೆಗೆ ಹೆಜ್ಜೆ ಇಟ್ಟಳು.